ಬಾಡಿಗೆ ಜಗಳ: ಮೊದಲು ಅಡ್ವಾನ್ಸ್ ಲೆಕ್ಕ, ಆಮೇಲೆ ಮಿಕ್ಕಿದ್ದು

ಬಾಡಿಗೆ ಜಗಳಗಳನ್ನು ಕೂತು ಮಾತಾಡಿಸಿ ಮುಗಿಸುತ್ತೇನೆ ಅಂದಾಗ ಮೈಸೂರು ಕೋರ್ಟಿನ ನನ್ನ ಗೆಳೆಯರು ಯಾರೂ ನಂಬಲಿಲ್ಲ. ‘ನೋಟಿಸ್ ಕೊಟ್ಟು ದಾವೆ ಹಾಕೋದು ಬಿಟ್ಟು ಪಂಚಾಯ್ತಿ ಮಾಡ್ತಾ ಕೂತ್ರೆ ಹೊಟ್ಟೆ ತುಂಬುತ್ತಾ?’ ಅಂದರು. ಈಗ ಅವರೇ ಕಕ್ಷಿದಾರರನ್ನು ನನ್ನ ಹತ್ತಿರ ಕಳಿಸುತ್ತಾರೆ. ಹತ್ತು ಬಂದರೆ ಏಳಾದರೂ ಮುಗಿಯುತ್ತವೆ. ಫೀಸು ಎರಡೂ ಕಡೆಯಿಂದ ತಲಾ ಮೂರು ಸಾವಿರದ ಆಸುಪಾಸು.

ಬಂದವರೆಲ್ಲ ಬಾಡಿಗೆ ಬಾಕಿ ಅಂತಲೇ ಶುರು ಮಾಡುತ್ತಾರೆ. ನಿಜವಾದ ಜಗಳ ಅಡ್ವಾನ್ಸಿನದು. ಅದು ವಾಪಸ್ ಬರಲ್ಲ ಅನ್ನೋ ಭಯಕ್ಕೆ ಬಾಡಿಗೆದಾರ ಕಟ್ಟೋದು ನಿಲ್ಲಿಸುತ್ತಾನೆ. ಬಾಡಿಗೆ ನಿಂತಿತು ಅಂತ ಓನರ್ ಅಡ್ವಾನ್ಸ್ ಹಿಡಿದುಕೊಳ್ಳುತ್ತಾರೆ. ಅದಕ್ಕೇ ನಾನು ಒಂದು ಹಾಳೆ ತೆಗೆದು ಮೇಲೆ ಅಡ್ವಾನ್ಸ್ ಮೊತ್ತ ಬರೆಯುತ್ತೇನೆ. ಕೆಳಗೆ ಒಂದೊಂದಾಗಿ ಕಳೆಯುತ್ತಾ ಹೋಗುವುದು.

ಕುವೆಂಪುನಗರದ ಒಂದು ಮನೆ. ಅಡ್ವಾನ್ಸ್ ಒಂದೂವರೆ ಲಕ್ಷ, ಬಾಡಿಗೆ ಹದಿನಾಲ್ಕು ಸಾವಿರ. ಓನರಮ್ಮ ಏಳು ತಿಂಗಳ ಬಾಕಿ ಅಂದರು. ಬಾಡಿಗೆದಾರ ನಾಲ್ಕೇ ಅಂದ. ಫೋನ್‌ಪೇ ಸ್ಟೇಟ್‌ಮೆಂಟ್ ತೆಗೆಸಿದೆ. ಒಂದು ತಿಂಗಳ ದುಡ್ಡು ಅಮ್ಮನ ಮಗನ ಖಾತೆಗೆ ಹೋಗಿತ್ತು! ಆರಕ್ಕೆ ನಿಂತಿತು, ಎಂಬತ್ನಾಲ್ಕು ಸಾವಿರ. ಸುಣ್ಣಬಣ್ಣಕ್ಕೆ ಅವರು ಕೇಳಿದ್ದು ನಲವತ್ತೈದು. ಇಬ್ಬರನ್ನೂ ಮನೆಗೇ ಕರೆದುಕೊಂಡು ಹೋದೆ. ಒಲೆ ಹಿಂದಿನ ಗೋಡೆಗೆ ಒಗ್ಗರಣೆ ಜಿಡ್ಡು ಮೊಳದಷ್ಟು ಹತ್ತಿತ್ತು, ಹಾಲಿನಲ್ಲಿ ನಾಲ್ಕಾರು ಮೊಳೆ ತೂತು. ಅಷ್ಟೇ. ಒಂದು ತಿಂಗಳ ಬಾಡಿಗೆಗೆ ಒಪ್ಪಿದರು. ಕರೆಂಟು, ನೀರು ಸುಮಾರು ಆರು ಸಾವಿರ ಕಳೆದು ನಲವತ್ತಾರು ಸಾವಿರ ವಾಪಸ್.

ಒಪ್ಪಂದ ಆಗೋದು ಕಷ್ಟವಲ್ಲ, ಉಳಿಯೋದು ಕಷ್ಟ. ಶುರುವಿನಲ್ಲಿ ಛಾಪಾ ಕಾಗದದ ಮೇಲೆ ಬರೆಸಿ ಸಹಿ ಹಾಕಿಸುತ್ತಿದ್ದೆ. ಸರಸ್ವತಿಪುರಂನ ಒಬ್ಬ ಬಾಡಿಗೆದಾರ ಸಹಿ ಮಾಡಿಯೂ ಮನೆ ಬಿಡಲಿಲ್ಲ. ಆ ಕಾಗದ ಇಟ್ಟುಕೊಂಡು ಮತ್ತೆ ದಾವೆಯೇ ಹಾಕಬೇಕಾಯಿತು, ಓನರಿಗೆ ವರ್ಷದ ಬಾಡಿಗೆ ಮುಳುಗಿತು. ಇನ್ನೊಂದರಲ್ಲಿ ಓನರ್ ಕೊಟ್ಟ ಮುಂದಿನ ತಾರೀಖಿನ ಚೆಕ್ ಬೌನ್ಸ್. ಹಾಗಾಗಿ ಈಗ ಒಪ್ಪಿದ್ದನ್ನೆಲ್ಲ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ವ್ಯಾಜ್ಯಪೂರ್ವ (ದಾವೆಗೆ ಮುಂಚಿನ) ಅರ್ಜಿಯಾಗಿ ಹಾಕಿಸಿ, ಲೋಕ್ ಅದಾಲತ್‌ನಲ್ಲಿ ಅವಾರ್ಡ್, ಅಂದರೆ ತೀರ್ಪು, ಮಾಡಿಸುತ್ತೇನೆ. ಕೋರ್ಟ್ ಫೀಸ್ ಇಲ್ಲ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 21ನೇ ಕಲಮಿನ ಪ್ರಕಾರ ಅದು ಕೋರ್ಟಿನ ಡಿಕ್ರಿಗೆ ಸಮ, ಮೇಲ್ಮನವಿಯೂ ಇಲ್ಲ. ತಪ್ಪಿದರೆ ಹೊಸ ದಾವೆ ಬೇಡ, ನೇರ ಅಮಲ್ಜಾರಿ (ಕೋರ್ಟಿನ ಮೂಲಕ ಜಾರಿ). ಅಡ್ವಾನ್ಸ್ ದುಡ್ಡು ಖಾತೆಗೆ ಬಿದ್ದ ಮೆಸೇಜ್ ನೋಡಿದ ಮೇಲೇ ಬೀಗದ ಕೈ ಕೈ ಬದಲಾಗಬೇಕು, ಅದೇ ಟೇಬಲ್ ಮೇಲೆ.

ಇಬ್ಬರನ್ನೂ ಬೇರೆ ಬೇರೆ ಕೂರಿಸಿದಾಗ ಓನರಿಗೆ ನಾನು ಮೊದಲು ಕೇಳುವ ಪ್ರಶ್ನೆ ಒಂದಿದೆ. ಅರ್ಧ ಜಗಳ ಅಲ್ಲೇ ಇಳಿಯುತ್ತೆ. ಅದನ್ನು ಇಲ್ಲಿ ಬರೆಯಲ್ಲ.

ಭೋಗ್ಯದ ಮನೆಗಳಲ್ಲೂ, ಅಂದರೆ ತಿಂಗಳ ಬಾಡಿಗೆ ಬದಲು ಒಟ್ಟಿಗೆ ದೊಡ್ಡ ಮೊತ್ತ ಕೊಟ್ಟು ಇರುವ ಕಡೆಯೂ ಪ್ರಯತ್ನಪಟ್ಟೆ. ಅಲ್ಲಿ ಓನರ್ ಹತ್ತಿರ ದುಡ್ಡೇ ಇರಲ್ಲ, ಖರ್ಚಾಗಿರುತ್ತೆ. ಹೊಸದಾಗಿ ಬರುವವರ ದುಡ್ಡನ್ನು ನೇರ ಹಳಬರ ಖಾತೆಗೆ ಹಾಕಿಸಿ ವಿಜಯನಗರದಲ್ಲಿ ಒಂದೆರಡು ಮುಗಿಸಿದೆ. ಆದರೆ ಹೊಸಬರು ಸಿಗುವ ತನಕ ಹಳಬರು ಕಾಯಬೇಕು, ಜಾಸ್ತಿ ಜನಕ್ಕೆ ಆ ತಾಳ್ಮೆ ಇಲ್ಲ. ಮಂಡ್ಯದ ಒಂದು ಅಂಗಡಿ ಜಗಳದಲ್ಲಿ ಬಾಕಿಯ ಕಂತುಗಳನ್ನು ಕಬ್ಬಿನ ಬಿಲ್ ಬರುವ ತಿಂಗಳಿಗೆ ಹೊಂದಿಸಿದೆ. ಬಾಡಿಗೆದಾರ ಒಂದು ಕಂತೂ ತಪ್ಪಿಸಲಿಲ್ಲ, ಯಾಕಂದರೆ ಅವನ ಕೈಗೆ ದುಡ್ಡು ಬರೋದೇ ಆಗ.

2023ರಲ್ಲಿ ಗೃಹಜ್ಯೋತಿ ಬಂದ ಮೇಲೆ ಒಪ್ಪಂದದಲ್ಲಿ ಒಂದು ಸಾಲು ಹೊಸದಾಗಿ ಸೇರಿಸುತ್ತಿದ್ದೇನೆ. ಖಾಲಿ ಮಾಡುವವರು ಕರೆಂಟು ಮೀಟರಿನ ಆರ್‌ಆರ್ ನಂಬರಿನಿಂದ ತಮ್ಮ ಆಧಾರ್ ಜೋಡಣೆ ತೆಗೆಸಬೇಕು. ಇಲ್ಲದಿದ್ದರೆ ಮುಂದೆ ಬರುವವರ ಅರ್ಜಿ ಸಿಕ್ಕಿಹಾಕಿಕೊಳ್ಳುತ್ತೆ, ಓನರ್ ಮತ್ತೆ ನಮಗೇ ಫೋನ್ ಮಾಡುತ್ತಾರೆ. ಸೇವಾ ಸಿಂಧುವಿನಲ್ಲಿ ಐದು ನಿಮಿಷದ ಕೆಲಸ, ಬೀಗದ ಕೈ ಕೊಡುವ ಮುಂಚೆಯೇ ಮಾಡಿಸಿಬಿಡಿ.