ಕಾಗೆ ಜಿಗಿತ ಮತ್ತು ನನ್ನ ಕೆಟ್ಟ ಭುಜ

ಹದಿನಾಲ್ಕು ವರ್ಷ ಕ್ರಿಕೆಟ್ ಲೀಗ್ ಆಡಿದೆ. ಏಳು ಕ್ಲಬ್. ಬೆಂಗಳೂರಲ್ಲಿ ಮೂರನೇ ಡಿವಿಷನ್‌ನಿಂದ ಶುರು, ಒಂದೇ ಒಂದು ಸೀಸನ್ ಮೊದಲ ಡಿವಿಷನ್, ಆಮೇಲೆ ಬಂದ ದಾರಿಯಲ್ಲೇ ವಾಪಸ್. ಕೊನೆಗೆ ಶಿವಮೊಗ್ಗದಲ್ಲಿ ವಲಯದ ಲೀಗು. ಎಲ್ಲ ಕಡೆಯೂ ನಾನು ಎರಡನೇ ಕೀಪರ್. ಹಾಗಂದ್ರೇನು ಅಂತ ಆಡಿದವರಿಗೆ ಗೊತ್ತು. ಗ್ಲೌಸ್ ಬ್ಯಾಗಲ್ಲಿರುತ್ತೆ, ನಾವು ಡೀಪ್ ಮಿಡ್‌ವಿಕೆಟ್‌ನಲ್ಲಿರುತ್ತೇವೆ. ಒಂದು ಸಲ ಟಿ20 ಹರಾಜಿನ ಪಟ್ಟಿಯಲ್ಲೂ ಹೆಸರಿತ್ತು. ಯಾರೂ ಕೈ ಎತ್ತಲಿಲ್ಲ. ಇರಲಿ.

2011ರ ಚಳಿಗಾಲದ ಒಂದು ಬೆಳಗ್ಗೆ, ಮೈ ಬಿಸಿ ಮಾಡಿಕೊಳ್ಳದೆ, ಬೌಂಡರಿಯಿಂದ ಕಣ್ಣು ಮುಚ್ಚಿ ಒಂದು ಥ್ರೋ ಬಿಟ್ಟೆ. ಭುಜದೊಳಗೆ ಚಟ್ ಅಂತು. ಆ ಮ್ಯಾಚಿಗೆ ನನಗೆ ಸಿಕ್ಕಿದ್ದು 400 ರೂಪಾಯಿ. ಫಿಸಿಯೋಗೆ ಹೋಗಿದ್ದು ಒಂಬತ್ತು ಸಾವಿರದ ಹತ್ತಿರ. ಅಲ್ಲಿಂದ ಮುಂದೆ ಆಟ ಬಿಡೋವರೆಗೂ ಮಿಡ್‌ಆನ್‌ನಲ್ಲಿ ಅಡಗಿಕೊಂಡೆ. ಎದುರಾಳಿ ಹುಡುಗರು ಪೆವಿಲಿಯನ್‌ನಿಂದ ಕೂಗೋರು, "ಅಣ್ಣನ ಕಡೆ ಎರಡಿದೆ, ಓಡ್ರೋ!" ಅದು ಈಗಲೂ ಕಿವಿಯಲ್ಲಿದೆ. ಕೋಚಿಂಗ್ ಶುರು ಮಾಡಿದಾಗ ಥ್ರೋ ಬಗ್ಗೆ ಯಾಕಿಷ್ಟು ಹುಚ್ಚು ಹಿಡಿಯಿತು ಅಂದ್ರೆ ಕಾರಣ ಇಷ್ಟೇ.

2015ರಲ್ಲಿ 26 ಹುಡುಗರು, ತಿಂಗಳಿಗೆ 800 ಫೀಸು, ಒಂದು ಶಾಲೆಯ ಮೈದಾನ, ಮ್ಯಾಟ್ ವಿಕೆಟ್. ಅಪ್ಪಂದಿರು ಕೇಳುತ್ತಿದ್ದದ್ದು ಒಂದೇ: "ಸರ್, ನಮ್ಮ ಹುಡುಗನಿಗೆ ಇವತ್ತು ಎಷ್ಟು ಬಾಲ್ ಬ್ಯಾಟಿಂಗ್ ಸಿಕ್ತು?" ನಾನು ನೆಟ್ಸ್ ಅರ್ಧ ಗಂಟೆ ಕಡಿಮೆ ಮಾಡಿ ಥ್ರೋ ಹಾಕಿಸೋಕೆ ಶುರು ಮಾಡಿದೆ. ಊರಿನ ಹಿರಿಯ ಕೋಚ್ ಒಬ್ಬರು ನಕ್ಕರು. "ಎಸೆಯೋದಕ್ಕೂ ಕೋಚಿಂಗಾ ಮಾರಾಯಾ? ಮಾವಿನಕಾಯಿಗೆ ಕಲ್ಲು ಹೊಡೆದವನಿಗೆ ಥ್ರೋ ತಾನಾಗೇ ಬರುತ್ತೆ."

ನನ್ನ ತಲೆಯಲ್ಲಿ ಇದ್ದದ್ದು ಬೇಸ್‌ಬಾಲ್. ರಿಕಿ ಪಾಂಟಿಂಗ್ ಕಾಲದ ಆಸ್ಟ್ರೇಲಿಯಾಕ್ಕೆ ಫೀಲ್ಡಿಂಗ್ ಕಲಿಸಿದ ಮೈಕ್ ಯಂಗ್ ಅಮೆರಿಕದವನು, ಬೇಸ್‌ಬಾಲ್ ಕೋಚ್. ಅವನ ಬಗ್ಗೆ ಓದುತ್ತಾ ಓದುತ್ತಾ ಬ್ರೂಸ್ ಬೋಚಿ ಸಿಕ್ಕಿದ. ನನ್ನ ಹಾಗೇ ಎರಡನೇ ಕ್ಯಾಚರ್, ಅಂದ್ರೆ ಬೇಸ್‌ಬಾಲ್‌ನ ಕೀಪರ್! ಒಂಬತ್ತು ಸೀಸನ್‌ನಲ್ಲಿ ಮೂರು ತಂಡ ಸುತ್ತಿದವನು. ಮ್ಯಾನೇಜರ್ (ಅಲ್ಲಿ ಮುಖ್ಯ ಕೋಚ್‌ಗೆ ಹಾಗಂತಾರೆ) ಆದ ಮೇಲೆ 2010, 2012, 2014ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋಗೆ ವರ್ಲ್ಡ್ ಸೀರೀಸ್, ಅಂದ್ರೆ ಅಮೆರಿಕದ ಬೇಸ್‌ಬಾಲ್ ಲೀಗಿನ ಫೈನಲ್, ಗೆದ್ದುಕೊಟ್ಟ. ನಿವೃತ್ತಿ ಆಗಿ ವಾಪಸ್ ಬಂದು 2023ರಲ್ಲಿ ಟೆಕ್ಸಸ್‌ಗೂ ಒಂದು. ಬೆಂಚಲ್ಲಿ ಕೂತವನಿಗೆ ಆಟ ಜಾಸ್ತಿ ಕಾಣುತ್ತೆ ಅಂತ ನನ್ನ ವಾದ. ಹೆಂಡತಿ ಒಪ್ಪಲ್ಲ.

ಮೊದಲ ವರ್ಷ ಪೂರ್ತಿ ದಂಡ. ಅಮೆರಿಕದಿಂದ ಬಂದ ಗೆಳೆಯನೊಬ್ಬನ ಕೈಲಿ ಎರಡು ಡಜನ್ ಹಳೇ ಬೇಸ್‌ಬಾಲ್ ತರಿಸಿದೆ. ಇಲ್ಲೇ ಆರು ಗ್ಲವ್ ತಗೊಂಡೆ, ಒಂದೊಂದಕ್ಕೆ 900ರ ಆಸುಪಾಸು. ಹುಡುಗರಿಗೆ ಗ್ಲವ್ ಅಂದ್ರೆ ಹಬ್ಬ. ಮೂರು ವಾರದಲ್ಲಿ ಕೈ ಸೋಮಾರಿ ಆಯಿತು. ಬರಿಗೈಯಲ್ಲಿ ಲೆದರ್ ಬಾಲ್ ಹಿಡಿಯೋಕೆ ಹೋದಾಗ ಬೆರಳು ಮುಂದಕ್ಕೆ ಚಾಚೋದು, ತುದಿಗೆ ಬಡಿಯೋದು. ಇಬ್ಬರಿಗೆ ಉಗುರು ಕಪ್ಪಾಯಿತು. ಚೆಂಡಿನದೂ ಅದೇ ಪಾಡು. ಬೇಸ್‌ಬಾಲ್ 142ರಿಂದ 149 ಗ್ರಾಂ, ನಮ್ಮದು 156ರಿಂದ 163. ಹದಿನೈದು ಗ್ರಾಂ ಏನು ಮಹಾ ಅಂದುಕೊಂಡಿದ್ದೆ. ಅದರಲ್ಲಿ ರಾಕೆಟ್ ಬಿಡುತ್ತಿದ್ದ ಹುಡುಗ ಕ್ರಿಕೆಟ್ ಬಾಲ್ ಕೊಟ್ಟರೆ ಎರಡು ಮೀಟರ್ ಪಕ್ಕಕ್ಕೆ ಹಾಕುತ್ತಿದ್ದ. ಈಗ ಆ ಬೇಸ್‌ಬಾಲೆಲ್ಲ ಮನೆಯ ಅಟ್ಟದ ಮೇಲಿವೆ. ಗ್ಲವ್ ಒಂದೇ ಒಂದು ಉಳಿದಿದೆ, ಸ್ಟಂಪ್ ಹತ್ತಿರ ನಿಂತು ಥ್ರೋ ಹಿಡಿಯೋ ನನಗೆ.

ಆಮೇಲೆ ಮಾಡಿದ್ದು ನಿಜವಾದ ತಪ್ಪು. ಭಾರದ ಚೆಂಡು. ಹಳೇ ಬಾಲ್ ಬಿಚ್ಚಿ ಒಳಗೆ ಸೈಕಲ್ ಬೇರಿಂಗ್ ಗುಂಡು ತುಂಬಿ ಹೊಲಿಸಿದ್ದೆ. ಸುಮಾರು ಕಾಲು ಕೆಜಿ. ಒಂದು ತಿಂಗಳು ಎಸೆಸಿದೆ. ಮೂವರಿಗೆ ಮೊಣಕೈ ಒಳಬದಿಯಲ್ಲಿ ನೋವು. ಅದೇ ಜಾಗ ಕಣ್ರೀ, 1974ರಲ್ಲಿ ಡಾಕ್ಟರ್ ಫ್ರಾಂಕ್ ಜೋಬ್ ಬೇಸ್‌ಬಾಲ್ ಪಿಚರ್ (ಅಲ್ಲಿನ ಬೌಲರ್) ಟಾಮಿ ಜಾನ್‌ಗೆ ಆಪರೇಷನ್ ಮಾಡಿದ್ದು. ಒಬ್ಬ ಹುಡುಗನ ಅಮ್ಮ ಮೈದಾನಕ್ಕೇ ಬಂದು ಬೈದರು. ಬೈಸಿಕೊಂಡೆ, ತಪ್ಪು ನನ್ನದೇ. ಆ ತಿಂಗಳು 26ರಲ್ಲಿ 11 ಹುಡುಗರು ಬಿಟ್ಟು ಹೋದರು. ತಿಂಗಳಿಗೆ ಎಂಟು ಸಾವಿರದ ಮೇಲೆ ಹೊಡೆತ. ಬೈಕಿನ ಕಂತು ಎರಡು ಸಲ ತಪ್ಪಿತು.

ದಾರಿ ಸಿಕ್ಕಿದ್ದು ಎಣಿಸೋಕೆ ಶುರು ಮಾಡಿದಾಗ. ಅಮೆರಿಕದ ಮಕ್ಕಳ ಬೇಸ್‌ಬಾಲ್‌ನಲ್ಲಿ 11-12 ವರ್ಷದ ಪಿಚರ್ ದಿನಕ್ಕೆ 85 ಎಸೆತ ದಾಟುವಂತಿಲ್ಲ. ನಮ್ಮಲ್ಲಿ ಬೌಲಿಂಗ್ ಓವರ್ ಲೆಕ್ಕ ಇಡುತ್ತೇವೆ, ಥ್ರೋ ಯಾರು ಎಣಿಸುತ್ತಾರೆ? ಒಂದು ಭಾನುವಾರ ಸುಮ್ನೆ ಕೂತು ಎಣಿಸಿದೆ. ಹದಿಮೂರರ ಒಬ್ಬ ಹುಡುಗ, ಆಟದ ಮಧ್ಯೆ ತಮಾಷೆಗೆ ಎಸೆದದ್ದೂ ಸೇರಿ, 140 ದಾಟಿಸಿದ್ದ. ಮಾರನೇ ದಿನದಿಂದ ಜೋರಾದ ಥ್ರೋ ದಿನಕ್ಕೆ 30, ವಾರಕ್ಕೆ ಮೂರೇ ದಿನ. ಜೇಬಲ್ಲಿ ಹುಣಸೆ ಬೀಜ ಇಟ್ಟುಕೊಳ್ಳಬೇಕು, ಎಸೆದಾಗೊಂದು ಡಬ್ಬಿಗೆ ಹಾಕಬೇಕು. ಬೀಜ ಮುಗೀತಾ, ಆ ದಿನದ ಥ್ರೋ ಮುಗೀತು.

ಉಳಿದದ್ದು ಕಾಲಿನ ಕೆಲಸ. ಚೆಂಡು ಎತ್ತಿಕೊಂಡ ಮೇಲೆ ಬಲಗಾಲು ಮುಂದೆ ತಂದು, ಪಾದ ಅಡ್ಡ ಇಟ್ಟು, ಒಂದು ಸಣ್ಣ ಕುಪ್ಪಳಿಕೆ. ಬೇಸ್‌ಬಾಲ್‌ನವರು ಅದಕ್ಕೆ ಕಾಗೆಯ ಹೆಸರಿಟ್ಟಿದ್ದಾರೆ, ನಮ್ಮ ಹುಡುಗರೂ ಕಾಗೆ ಜಿಗಿತ ಅಂತಲೇ ಕರೆಯುತ್ತಾರೆ. ಜಿಗಿತ ಮೇಲಕ್ಕಲ್ಲ, ಮುಂದಕ್ಕೆ. ಮೇಲಕ್ಕೆ ಹಾರಿದವನ ಚೆಂಡೂ ಮೇಲಕ್ಕೇ ಹೋಗುತ್ತೆ. ಎಡ ಭುಜ ಸ್ಟಂಪ್ ನೋಡಬೇಕು, ಬೆರಳು ಸೀಮ್‌ಗೆ ಅಡ್ಡ ಕೂರಬೇಕು, ಉದ್ದಕ್ಕೆ ಹಿಡಿದರೆ ಚೆಂಡು ಗಾಳಿಯಲ್ಲಿ ಅಲೆಯುತ್ತೆ. ಇಪ್ಪತ್ತು ಹೆಜ್ಜೆಯಿಂದ ಶುರು, ವಾರ ವಾರ ಹಿಂದಕ್ಕೆ, ಅರವತ್ತರವರೆಗೆ. ದೂರ ಹೋಗಿ ನಿಂತವನು ಅದೇ ದಿನ ಮತ್ತೆ ಹತ್ತಿರ ಬಂದು ಅದೇ ಜೋರಲ್ಲಿ ತಗ್ಗಿಸಿ ಎಸೆಯಬೇಕು. ಅದರ ಲೆಕ್ಕ, ಎಷ್ಟು ಹೆಜ್ಜೆಗೆ ಎಷ್ಟು ಎಸೆತ ಅನ್ನೋದು, ನನ್ನ ಡೈರಿಯಲ್ಲೇ ಇರಲಿ. ಆರು ವರ್ಷ ತಗೊಂಡಿದೆ ಅದು.

ಮಲೆನಾಡಿನ ಮಳೆಗೆ ಮೈದಾನ ಎಲ್ಲಿ? ಜೂನ್‌ನಿಂದ ಸೆಪ್ಟೆಂಬರ್ ಪರಿಚಯದವರ ಅಡಿಕೆ ಗೋಡೌನ್. ಆಗ ಅದು ಅರ್ಧ ಖಾಲಿ ಇರುತ್ತೆ. ಗೋಣಿಚೀಲ ಹೊಲಿದು ಪರದೆ ಕಟ್ಟಿ, ಸ್ಟಂಪ್ ಎತ್ತರಕ್ಕೆ ಸುಣ್ಣದಲ್ಲಿ ಚೌಕ ಬರೆದೆ. ಚೆಂಡು ಬಡಿದಾಗೆಲ್ಲ ಅಡಿಕೆ ಧೂಳು ಏಳುತ್ತೆ, ಸೀನು ಬರುತ್ತೆ, ಆದರೆ ಗುರಿ ಎಲ್ಲಿ ಬಿತ್ತು ಅಂತ ಧೂಳೇ ಹೇಳುತ್ತೆ. ಅವರು ಬಾಡಿಗೆ ತಗೊಳ್ಳಲ್ಲ. ನಾನು ಅವರ ಮೊಮ್ಮಗನಿಗೆ ಫೀಸ್ ಕೇಳಲ್ಲ, ಅಲ್ಲಿಗಲ್ಲಿಗೆ ಸರಿ.

ಕ್ಯಾಚ್ ಹೊಡೆಯೋ ಬ್ಯಾಟಿನ ಕಥೆಯೂ ಇದೆ. ಬೇಸ್‌ಬಾಲ್ ಕೋಚ್‌ಗಳ ಹತ್ತಿರ ಉದ್ದ, ತೆಳ್ಳನೆಯ ಒಂದು ಬ್ಯಾಟ್ ಇರುತ್ತೆ, ನೂರು ಕ್ಯಾಚ್ ಎತ್ತಿದರೂ ಕೈ ಸೋಲಲ್ಲ. ಹಳೇ ಕ್ರಿಕೆಟ್ ಬ್ಯಾಟನ್ನೇ ಬಡಗಿಗೆ ಕೊಟ್ಟು ಹೆರೆಸಿದೆ, 150 ರೂಪಾಯಿ. ಎರಡನೇ ದಿನ ಹ್ಯಾಂಡಲ್ ಬುಡದಲ್ಲಿ ಲಟಕ್ಕಂತ ಮುರಿದು ಬ್ಲೇಡು ಪಾಯಿಂಟ್‌ಗೆ ಹಾರಿತು. ಆಮೇಲೆ ಸಿಲ್ವರ್ ಓಕ್ ತುಂಡಲ್ಲಿ ಮಾಡಿಸಿದ್ದು ನಾಲ್ಕು ವರ್ಷ ಬಂತು.

ಫಲ? ಶುರುವಿನ ಸೀಸನ್‌ನಲ್ಲಿ ನಮ್ಮ ಹುಡುಗರು ಮಾಡಿದ ರನ್‌ಔಟ್ ಮೂರೋ ನಾಲ್ಕೋ. ಹೋದ ಸೀಸನ್ ಹನ್ನೆರಡು ಮ್ಯಾಚಿಗೆ 17. ಅದರಲ್ಲಿ ಐದು ನೇರ ಹೊಡೆತ. ಒಂದಂತೂ ಡೀಪ್ ಸ್ಕ್ವೇರ್‌ಲೆಗ್‌ನಿಂದ, ಒಂದೇ ಪುಟಿತ, ಹದಿನಾಲ್ಕರ ಹುಡುಗ, ಆ ಪಕ್ಕದಿಂದ ಅವನಿಗೆ ಕಾಣುವುದು ಒಂದೇ ಸ್ಟಂಪು. ಬ್ಯಾಟ್ಸ್‌ಮನ್ ಎರಡನೇ ರನ್ನಿಗೆ ನಗ್ತಾ ಬರುತ್ತಿದ್ದ. ಮೊಣಕೈ ನೋವಿನ ದೂರು ಎರಡು ವರ್ಷದಿಂದ ಒಂದೂ ಇಲ್ಲ. ಈಗ 41 ಹುಡುಗರಿದ್ದಾರೆ, ಫೀಸು 1,500.

ಮಾವಿನಕಾಯಿ ಮಾತಾಡಿದ ಹಿರಿಯರು ಕಳೆದ ಯುಗಾದಿ ಮುಗಿದ ಮೇಲೆ ಫೋನ್ ಮಾಡಿದರು. ಆ ಬ್ಯಾಟಿನ ಅಳತೆ ಬೇಕಂತೆ. ಉದ್ದ ಹೇಳಿದೆ, ಅಗಲ ಹೇಳಿದೆ. ತೂಕ ಎಲ್ಲಿ ಕೂರಬೇಕು ಅನ್ನೋದು ಅವರೂ ಕೇಳಲಿಲ್ಲ, ನಾನೂ ಹೇಳಲಿಲ್ಲ.