ಪುಂಟಾ ಕಾನಾದಿಂದ ಸ್ಯಾಂಟೊ ಡೊಮಿಂಗೊಗೆ ಒಂದು ದಿನದ ಪ್ರವಾಸ: ಆಯ್ಕೆ ಹೇಗೆ, ನೋಡುವುದು ಹೇಗೆ

ಡೊಮಿನಿಕನ್ ಗಣರಾಜ್ಯದ ಪೂರ್ವ ತುದಿಯಲ್ಲಿರುವ ಪುಂಟಾ ಕಾನಾ ಮತ್ತು ಬವಾರೊ ಕಡಲತೀರಗಳ ರೆಸಾರ್ಟುಗಳಿಗೆ ರಜೆಗೆಂದು ಬಂದವರು, ಎರಡು ಮೂರು ದಿನ ಕಡಲು ನೋಡಿದ ಬಳಿಕ, ಒಂದು ದಿನವನ್ನು ದೇಶದ ರಾಜಧಾನಿಗೆ ಮೀಸಲಿಡಲು ಬಯಸುವುದು ಸಹಜ. ಸ್ಯಾಂಟೊ ಡೊಮಿಂಗೊ ಅಮೆರಿಕ ಖಂಡಗಳಲ್ಲಿ ಯೂರೋಪಿಯನ್ನರು ಕಟ್ಟಿದ ನಗರಗಳ ಪೈಕಿ ಅಂದಿನಿಂದ ಇಂದಿನವರೆಗೆ ಜನವಸತಿ ತಪ್ಪದೆ ಉಳಿದಿರುವ ಅತ್ಯಂತ ಹಳೆಯದು. ಕೊಲಂಬಸ್‌ನ ತಮ್ಮ ಬಾರ್ತೊಲೊಮೆ 1490ರ ದಶಕದ ಕೊನೆಯಲ್ಲಿ ಒಸಾಮಾ ನದಿಯ ಪೂರ್ವ ದಡದಲ್ಲಿ ಸ್ಥಾಪಿಸಿದ ಈ ಊರನ್ನು, ಚಂಡಮಾರುತವೊಂದರ ಹೊಡೆತದ ನಂತರ, 1502ರಲ್ಲಿ ರಾಜ್ಯಪಾಲನಾಗಿ ಬಂದ ನಿಕೊಲಾಸ್ ದೆ ಒವಾಂದೊ ಪಶ್ಚಿಮ ದಡಕ್ಕೆ ಸ್ಥಳಾಂತರಿಸಿ, ನೇರವಾದ ಬೀದಿಗಳ ಚೌಕಳಿ ವಿನ್ಯಾಸದಲ್ಲಿ ಕಟ್ಟಿಸಿದ. ಆ ಹಳೆಯ ಭಾಗಕ್ಕೆ ಇಂದು ಸೋನಾ ಕೊಲೊನಿಯಾಲ್, ಅಂದರೆ ವಸಾಹತು ವಲಯ, ಎಂದು ಹೆಸರು. ಸುಮಾರು ಒಂದು ಚದರ ಕಿಲೋಮೀಟರಿನಷ್ಟಿರುವ ಈ ಪ್ರದೇಶವನ್ನು ಯುನೆಸ್ಕೊ 1990ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು.

ಟಿಕೆಟ್ ಕೊಳ್ಳುವ ಮೊದಲು ಮಾಡಬೇಕಾದ ಲೆಕ್ಕ

ಪುಂಟಾ ಕಾನಾದಿಂದ ಸ್ಯಾಂಟೊ ಡೊಮಿಂಗೊಗೆ ಸುಮಾರು 200 ಕಿಲೋಮೀಟರ್ ದೂರವಿದ್ದು, ಹೆದ್ದಾರಿ ಚೆನ್ನಾಗಿದ್ದರೂ ಒಂದು ಬದಿಗೆ ಎರಡೂವರೆಯಿಂದ ಮೂರು ಗಂಟೆ ಹಿಡಿಯುತ್ತದೆ. ದೊಡ್ಡ ಬಸ್ಸಿನ ಪ್ರವಾಸವಾದರೆ ಬೆಳಿಗ್ಗೆ ಒಂದೊಂದೇ ರೆಸಾರ್ಟಿನ ಬಾಗಿಲಲ್ಲಿ ನಿಂತು ಜನರನ್ನು ಹತ್ತಿಸಿಕೊಳ್ಳುವುದಕ್ಕೆ ಮತ್ತೊಂದು ಗಂಟೆ ಹೋಗಬಹುದು. ದಾರಿಯಲ್ಲಿ ಉಡುಗೊರೆ ಅಂಗಡಿಯ ಮುಂದೆ ಒಂದು ನಿಲುಗಡೆ ಇರುತ್ತದೆ. ಮಧ್ಯಾಹ್ನದ ಊಟಕ್ಕೆ ಒಂದು ಗಂಟೆ. ಹನ್ನೆರಡು ಗಂಟೆಯ ಪ್ರವಾಸವೆಂದು ಹೇಳಿದ್ದರಲ್ಲಿ ಇವನ್ನೆಲ್ಲ ಕಳೆದರೆ ನಗರಕ್ಕೆ ಉಳಿಯುವುದು ನಾಲ್ಕು ಗಂಟೆಗೆ ಸ್ವಲ್ಪ ಹೆಚ್ಚೊ ಕಡಿಮೆಯೊ ಅಷ್ಟೆ. ಆದ್ದರಿಂದ ಕರಪತ್ರದಲ್ಲಿ ಎಷ್ಟು ಸ್ಥಳಗಳ ಹೆಸರಿದೆ ಎಂಬುದನ್ನು ನೋಡಿ ಪ್ರವಾಸವನ್ನು ಆರಿಸಬಾರದು. ಕೇಳಬೇಕಾದ ಪ್ರಶ್ನೆ ಒಂದೇ: ಹಳೆಯ ನಗರದಲ್ಲಿ ಕಾಲ್ನಡಿಗೆಗೆ ಎಷ್ಟು ಹೊತ್ತು ಕೊಡುತ್ತೀರಿ? ಮೂರು ಗಂಟೆಗಿಂತ ಕಡಿಮೆ ಎಂಬ ಉತ್ತರ ಬಂದರೆ ಬೇರೊಂದನ್ನು ಹುಡುಕುವುದು ಲೇಸು.

ಬಹುತೇಕ ಪ್ರವಾಸಗಳಲ್ಲಿ ಹಳೆಯ ನಗರದ ಹೊರಗಿನ ಎರಡು ಸ್ಥಳಗಳು ಸೇರಿರುತ್ತವೆ. ಒಂದು, ನದಿಯ ಪೂರ್ವಕ್ಕಿರುವ ಲೋಸ್ ತ್ರೆಸ್ ಓಹೋಸ್ (ಮೂರು ಕಣ್ಣುಗಳು) ಎಂಬ ಸುಣ್ಣಕಲ್ಲಿನ ಗುಹೆಗಳು. ಹೆಸರಿನ ಪ್ರಕಾರ ಕೊಳಗಳು ಮೂರು. ತೆಪ್ಪದಲ್ಲಿ ದಾಟಿ ಹೋಗಿ ನೋಡುವ ನಾಲ್ಕನೆಯದೂ ಇದೆ. ನೋಟ ಚೆಂದ, ತಂಪು ಹಿತ, ಆದರೆ ಮೆಟ್ಟಿಲುಗಳು ಬಹಳ ಮತ್ತು ತೇವದಿಂದ ಜಾರುತ್ತವೆ. ಮಂಡಿನೋವಿರುವ ಹಿರಿಯರು ಜೊತೆಗಿದ್ದರೆ ಇದನ್ನು ಮೊದಲೇ ತಿಳಿದಿರಬೇಕು. ಇನ್ನೊಂದು, ಕೊಲಂಬಸ್ ಬಂದು 500 ವರ್ಷವಾದ ನೆನಪಿಗೆ 1992ರಲ್ಲಿ ಉದ್ಘಾಟಿಸಿದ ಫಾರೊ ಆ ಕೊಲೋನ್, ಅಂದರೆ ಮಲಗಿದ ಶಿಲುಬೆಯ ಆಕಾರದಲ್ಲಿ ಕಟ್ಟಿದ ಬೃಹತ್ ಕಾಂಕ್ರೀಟ್ ಸ್ಮಾರಕ. ಬಸ್ಸಿನಿಂದಲೇ ನೋಡಿ ಮುಂದೆ ಹೋದರೂ ಹೆಚ್ಚಿನ ನಷ್ಟವಿಲ್ಲವೆಂಬುದು ಈ ಲೇಖಕನ ಅಭಿಪ್ರಾಯ. ಸಿಗಾರ್ ಅಂಗಡಿ, ಚಾಕೊಲೇಟ್ ಅಂಗಡಿ, ಲರಿಮಾರ್ ಕಲ್ಲಿನ ಮಳಿಗೆ ಎಂದು ಮೂರು ನಾಲ್ಕು ಕಡೆ ನಿಲ್ಲಿಸುವ ಪ್ರವಾಸವಾದರೆ ದರ ಎಷ್ಟೇ ಕಡಿಮೆಯಿದ್ದರೂ ನಿಮ್ಮ ಸಮಯದಿಂದಲೇ ಅದರ ಬೆಲೆ ವಸೂಲಾಗುತ್ತದೆ. ಲರಿಮಾರ್ ಎಂಬ ತಿಳಿನೀಲಿ ಕಲ್ಲು ಈ ದೇಶದ ನೈಋತ್ಯದ ಬರಾವೋನಾ ಪ್ರಾಂತದಲ್ಲಷ್ಟೇ ಸಿಗುತ್ತದೆ ಎಂಬುದು ನಿಜ; ಕೊಳ್ಳುವ ಇಚ್ಛೆಯಿದ್ದರೆ ಒಂದು ಅಂಗಡಿ ಸಾಕು.

ನಾಲ್ಕೈದು ಜನರ ಕುಟುಂಬವಾದರೆ ಸಣ್ಣ ವ್ಯಾನಿನ ಖಾಸಗಿ ಪ್ರವಾಸದ ದರವನ್ನೂ ವಿಚಾರಿಸಿ. ತಲೆಗೆ ಬೀಳುವ ಖರ್ಚು ಬಸ್ಸಿನದಕ್ಕಿಂತ ಹೆಚ್ಚಾದರೂ ರೆಸಾರ್ಟುಗಳ ಸುತ್ತಾಟ ತಪ್ಪುತ್ತದೆ ಮತ್ತು ಎಲ್ಲಿ ಎಷ್ಟು ಹೊತ್ತು ನಿಲ್ಲಬೇಕೆಂಬುದು ನಿಮ್ಮ ಕೈಯಲ್ಲಿರುತ್ತದೆ. ಗೈಡ್ ಪ್ರವಾಸೋದ್ಯಮ ಸಚಿವಾಲಯದ ಪರವಾನಗಿ ಇರುವವರೇ, ಅವರ ಇಂಗ್ಲಿಷ್ ಸಲೀಸಾಗಿದೆಯೇ, ಅಥವಾ ಒಂದೇ ಬಸ್ಸಿನಲ್ಲಿ ಮೂರು ಭಾಷೆಗಳಲ್ಲಿ ಸರದಿಯಂತೆ ವಿವರಣೆ ಕೊಡುತ್ತಾರೆಯೇ ಎಂಬುದನ್ನು ಕೇಳುವುದು ಮುಖ್ಯ. ಮೂರು ಭಾಷೆಗಳಾದರೆ ಪ್ರತಿ ಭಾಷೆಯವರಿಗೂ ಸಿಗುವುದು ಮೂರನೆಯ ಒಂದು ಪಾಲು.

ದಿನ, ದಾಖಲೆ, ಉಡುಪು

ಸೋಮವಾರ ಹೋಗಬೇಡಿ. ಹಳೆಯ ನಗರದ ಸರ್ಕಾರಿ ವಸ್ತುಸಂಗ್ರಹಾಲಯಗಳಿಗೆ ಸಾಮಾನ್ಯವಾಗಿ ಅದೇ ರಜೆಯ ದಿನ. ಭಾನುವಾರ ಪ್ರಾರ್ಥನೆಯ ವೇಳೆಯಲ್ಲಿ ಕಥೆಡ್ರಲ್ (ಪ್ರಧಾನ ಚರ್ಚು) ಒಳಗೆ ಪ್ರವಾಸಿಗಳಾಗಿ ಸುತ್ತಾಡಲು ಆಗುವುದಿಲ್ಲ. ಮಂಗಳವಾರದಿಂದ ಶುಕ್ರವಾರದೊಳಗಿನ ದಿನವೇ ಉತ್ತಮ. ಫೆಬ್ರವರಿ 27 ಸ್ವಾತಂತ್ರ್ಯ ದಿನವಾದ್ದರಿಂದ ಮೆರವಣಿಗೆ ನೋಡುವ ಆಸೆಯಿಲ್ಲದವರು ಅಂದು ದೂರವಿರಬಹುದು. ಚಂಡಮಾರುತದ ಋತು ಜೂನ್‌ನಿಂದ ನವೆಂಬರ್ ಕೊನೆಯವರೆಗೆ; ಆ ತಿಂಗಳುಗಳಲ್ಲಿ ಹೋಗುವವರು ಹವಾಮಾನ ಕೆಟ್ಟರೆ ಹಣ ಮರಳಿಸುವ ಷರತ್ತನ್ನು ಓದಿಯೇ ಟಿಕೆಟ್ ಕೊಳ್ಳಬೇಕು.

ಭಾರತೀಯ ಪಾಸ್‌ಪೋರ್ಟ್ ಇರುವವರು ದೇಶದ ಪ್ರವೇಶ ನಿಯಮಗಳನ್ನು, ಅದರಲ್ಲೂ ತಮ್ಮಲ್ಲಿರುವ ಅಮೆರಿಕ ಅಥವಾ ಕೆನಡಾ ವೀಸಾದ ಆಧಾರದ ಮೇಲೆ ಪ್ರವೇಶ ಸಿಗುತ್ತದೆಯೇ, ಮರಳಿ ಹೋಗುವಾಗ ಆ ವೀಸಾ ಇನ್ನೂ ಊರ್ಜಿತವಾಗಿರುತ್ತದೆಯೇ ಎಂಬುದನ್ನು, ಹೊರಡುವ ಮೊದಲೇ ರಾಯಭಾರ ಕಚೇರಿಯಿಂದ ಖಚಿತಪಡಿಸಿಕೊಳ್ಳಬೇಕು. ಆ ದಿನದ ಪ್ರವಾಸಕ್ಕೆ ಮಾತ್ರ ಪಾಸ್‌ಪೋರ್ಟಿನ ನಕಲು ಜೇಬಿನಲ್ಲಿದ್ದರೆ ಸಾಕು; ಮೂಲ ಪ್ರತಿ ರೆಸಾರ್ಟಿನ ಲಾಕರಿನಲ್ಲಿರಲಿ. ಕಡಲತೀರದ ತುಂಡು ಉಡುಪಿನಲ್ಲಿ ಹೊರಟು ಕಥೆಡ್ರಲ್ ಬಾಗಿಲಲ್ಲಿ ಪೇಚಿಗೆ ಸಿಕ್ಕುವವರನ್ನು ಅಲ್ಲಿ ದಿನವೂ ನೋಡಬಹುದು: ಭುಜ ಮತ್ತು ಮಂಡಿ ಮುಚ್ಚುವ ತೆಳು ಹತ್ತಿಬಟ್ಟೆ, ಕಲ್ಲುಹಾಸಿನ ಮೇಲೆ ನಡೆಯಲು ಗಟ್ಟಿ ಅಟ್ಟೆಯ ಶೂ, ಟೋಪಿ, ನೀರಿನ ಬಾಟಲಿ, ಬಸ್ಸಿನ ಎ.ಸಿ. ಚಳಿಗೆ ಒಂದು ಶಾಲು ಇರಲಿ. ನಲ್ಲಿಯ ನೀರನ್ನು ಕುಡಿಯಬಾರದು. ಡಾಲರ್ ನಡೆಯುತ್ತದೆಯಾದರೂ ಸಣ್ಣ ಖರ್ಚಿಗೆ ಡೊಮಿನಿಕನ್ ಪೆಸೊ ಇದ್ದರೆ ಚಿಲ್ಲರೆಯ ತಕರಾರಿಲ್ಲ.

ಹಳೆಯ ನಗರದಲ್ಲಿ ನಡೆಯುವ ಕ್ರಮ

ಗೈಡ್ ತಮ್ಮದೇ ಆದ ಕ್ರಮದಲ್ಲಿ ಕರೆದೊಯ್ಯುತ್ತಾರೆ. ಆದರೂ ಕ್ರಮವನ್ನು ಸೂಚಿಸುವ ಅವಕಾಶ ಸಿಕ್ಕಿದರೆ ಕೊಲಂಬಸ್ ಉದ್ಯಾನದಿಂದ ಆರಂಭಿಸಿ, ದಾಮಾಸ್ ಬೀದಿಯುದ್ದಕ್ಕೂ ಉತ್ತರಕ್ಕೆ ನಡೆದು, ಸ್ಪೇನ್ ಚೌಕದಲ್ಲಿರುವ ಅಲ್ಕಾಸರ್ ಅರಮನೆಯಲ್ಲಿ ಮುಗಿಸುವುದು ಬಿಸಿಲಿನ ದೃಷ್ಟಿಯಿಂದಲೂ ಕಥೆಯ ದೃಷ್ಟಿಯಿಂದಲೂ ಅನುಕೂಲ.

ಉದ್ಯಾನದ ನಡುವಿನ ಕೊಲಂಬಸ್ ಪ್ರತಿಮೆಯ ಪೀಠದ ಮೇಲೆ, ಅವನ ಕಾಲ ಬಳಿ ಹತ್ತಿಬರುತ್ತಿರುವ ತೈನೊ ಹೆಂಗಸಿನ ಆಕೃತಿಯೊಂದಿದೆ. ಅದು ರಾಣಿ ಅನಕವೋನಾಳದೆಂದು ಹೇಳುತ್ತಾರೆ. ದ್ವೀಪದ ಮೂಲನಿವಾಸಿಗಳಾದ ತೈನೊಗಳ ಆ ನಾಯಕಿಯನ್ನು ಗಲ್ಲಿಗೇರಿಸಿದ್ದು ಇದೇ ನಗರವನ್ನು ಕಟ್ಟಿಸಿದ ಒವಾಂದೊ. ಅವನ ಪ್ರತಿಮೆಯೂ ಮುಂದೆ ಸ್ಪೇನ್ ಚೌಕದಲ್ಲಿ ಸಿಗುತ್ತದೆ. ಗೈಡ್ ಕೊಲಂಬಸ್‌ನ ಗುಣಗಾನದಲ್ಲೇ ಮುಗಿಸುವಂತೆ ಕಂಡರೆ ಇಲ್ಲಿಯೇ ಅವರನ್ನು ಅನಕವೋನಾಳ ಬಗ್ಗೆ ಕೇಳಿ. ಒಳ್ಳೆಯ ಗೈಡ್ ಆಗಿದ್ದರೆ ಆ ಪ್ರಶ್ನೆಯಿಂದ ಮುಂದಿನ ಮೂರು ಗಂಟೆಯ ಮಾತಿನ ದಿಕ್ಕೇ ಬದಲಾಗುತ್ತದೆ.

ಉದ್ಯಾನದ ದಕ್ಷಿಣಕ್ಕಿರುವ ಕಥೆಡ್ರಲ್ ಅಮೆರಿಕ ಖಂಡಗಳಲ್ಲೇ ಮೊದಲನೆಯದು. 16ನೆಯ ಶತಮಾನದ ಮೊದಲ ಅರ್ಧದಲ್ಲಿ ಕಟ್ಟಿ 1541ರ ಹೊತ್ತಿಗೆ ಮುಗಿಸಿದ್ದು. ಹವಳದ ಸುಣ್ಣಕಲ್ಲಿನ ಹೊಂಬಣ್ಣದ ಗೋಡೆ, ಒಳಗೆ ಗೋಥಿಕ್ ಕಮಾನು, ಮುಂಬಾಗಿಲಿಗೆ ನವೋದಯ ಶೈಲಿಯ ಕೆತ್ತನೆ ಹೀಗೆ ಬೇರೆ ಬೇರೆ ಕಾಲದ ಅಭಿರುಚಿ ಒಂದೇ ಕಟ್ಟಡದಲ್ಲಿದೆ. 1586ರಲ್ಲಿ ಇಂಗ್ಲೆಂಡಿನ ಫ್ರಾನ್ಸಿಸ್ ಡ್ರೇಕ್ ನಗರವನ್ನು ವಶಪಡಿಸಿಕೊಂಡು ಸುಮಾರು ಒಂದು ತಿಂಗಳು ಲೂಟಿ ಮಾಡಿ, 25,000 ಡುಕಾಟ್ ಚಿನ್ನದ ನಾಣ್ಯಗಳನ್ನು ಪಡೆದ ಮೇಲಷ್ಟೇ ಹೊರಟುಹೋದ.

ಈ ಕಥೆಡ್ರಲ್ಲಿಗೆ ಒಂದು ವಿವಾದವೂ ಅಂಟಿಕೊಂಡಿದೆ. 1506ರಲ್ಲಿ ಸ್ಪೇನಿನಲ್ಲಿ ತೀರಿಕೊಂಡ ಕೊಲಂಬಸ್‌ನ ಅಸ್ಥಿಯನ್ನು ಕೆಲವು ದಶಕಗಳ ನಂತರ ಇಲ್ಲಿಗೆ ತಂದು ಹೂಳಲಾಯಿತು. 1795ರಲ್ಲಿ ಸ್ಪೇನ್ ಈ ನೆಲವನ್ನು ಫ್ರಾನ್ಸಿಗೆ ಬಿಟ್ಟುಕೊಟ್ಟಾಗ ಅಸ್ಥಿಯನ್ನು ಕ್ಯೂಬಾದ ಹವಾನಾಕ್ಕೂ, 1898ರಲ್ಲಿ ಕ್ಯೂಬಾ ಕೈಬಿಟ್ಟಾಗ ಅಲ್ಲಿಂದ ಸ್ಪೇನಿನ ಸೆವಿಲ್‌ಗೂ ಸಾಗಿಸಿದರು. ಆದರೆ ಈ ನಡುವೆ, 1877ರಲ್ಲಿ, ಕಥೆಡ್ರಲ್ ದುರಸ್ತಿಯ ವೇಳೆ ಕೊಲಂಬಸ್‌ನ ಹೆಸರು ಕೆತ್ತಿದ ಸೀಸದ ಪೆಟ್ಟಿಗೆಯೊಂದು ಸಿಕ್ಕಿತು. ಸ್ಪೇನಿನವರು ಒಯ್ದದ್ದು ತಪ್ಪು ಅಸ್ಥಿಯನ್ನು ಎಂದು ಡೊಮಿನಿಕನ್ನರು ವಾದಿಸಿದರು. ಆ ಪೆಟ್ಟಿಗೆಯೇ ಈಗ ಫಾರೊ ಸ್ಮಾರಕದಲ್ಲಿರುವುದು. ಸೆವಿಲ್‌ನಲ್ಲಿರುವ ಅಸ್ಥಿ ಕೊಲಂಬಸ್‌ನದೇ ಎಂದು ಸ್ಪೇನಿನ ವಿಜ್ಞಾನಿಗಳು ಡಿ.ಎನ್.ಎ. ಪರೀಕ್ಷೆಯ ಆಧಾರದಲ್ಲಿ ಹೇಳಿದ್ದಾರೆ. ಅವಶೇಷಗಳು ಎರಡೂ ಕಡೆ ಹಂಚಿಹೋಗಿರಬಹುದೆಂಬ ಮಾತೂ ಇದೆ. ಗೈಡ್ ಯಾವ ಪಕ್ಷ ಹಿಡಿಯುತ್ತಾರೆಂದು ಮೊದಲೇ ಊಹಿಸಬಹುದು; ಅವರೊಡನೆ ವಾದಕ್ಕಿಳಿಯುವ ಅಗತ್ಯವಿಲ್ಲ.

ಪೂರ್ವಕ್ಕೆ ತಿರುಗಿದರೆ ದಾಮಾಸ್ ಬೀದಿ. ವಿಜಯನಗರದಲ್ಲಿ ಕೃಷ್ಣದೇವರಾಯ ಪಟ್ಟಕ್ಕೆ ಬಂದ 1509ರಲ್ಲೇ ಕೊಲಂಬಸ್‌ನ ಮಗ ದಿಯೇಗೊ ರಾಜ್ಯಪಾಲನಾಗಿ ಇಲ್ಲಿಗೆ ಬಂದ. ಅವನ ಹೆಂಡತಿ ಮಾರಿಯಾ ದೆ ತೊಲೆದೊ ಮತ್ತು ಆಕೆಯ ಸಖಿಯರು ಓಡಾಡುತ್ತಿದ್ದ ಬೀದಿಯೆಂದು ಇದಕ್ಕೆ ಹೆಸರು ಬಂದಿದೆ. ಬೀದಿಯ ದಕ್ಷಿಣ ತುದಿಯಲ್ಲಿ ನದೀಮುಖವನ್ನು ಕಾಯುವ ಒಸಾಮಾ ಕೋಟೆಯಿದೆ. ಅದರ ಗೋಪುರ 1500ರ ದಶಕದ್ದು. ಮೇಲೆ ಹತ್ತಿದರೆ ನದಿ, ಬಂದರು, ನಗರದ ಜೋಡಣೆ ಒಮ್ಮೆಗೇ ತಿಳಿಯುತ್ತದೆ. ಗುಂಪಿನ ಪ್ರವಾಸಗಳಲ್ಲಿ ಕೋಟೆಯನ್ನು ಹೊರಗಿನಿಂದಲೇ ತೋರಿಸಿ ಮುಂದೆ ನಡೆಯುವುದುಂಟು. ಬಿಡುವಿನ ವೇಳೆ ಕೊಟ್ಟಾಗ ಅಂಗಡಿಗಳ ಎಲ್ ಕೋಂದೆ ಬೀದಿಗೆ ಹೋಗುವ ಬದಲು ಇಲ್ಲಿಗೆ ಬನ್ನಿ. ಅದೇ ದಾರಿಯಲ್ಲಿ ಮುಂದೆ ರಾಷ್ಟ್ರೀಯ ಪಾಂಥಿಯನ್ ಸಿಗುತ್ತದೆ: 18ನೆಯ ಶತಮಾನದ ಜೆಸ್ಯೂಟ್ ಚರ್ಚನ್ನು ಸರ್ವಾಧಿಕಾರಿ ತ್ರುಹಿಯೊ 1950ರ ದಶಕದಲ್ಲಿ ವೀರರ ಸಮಾಧಿಯಾಗಿ ಮಾರ್ಪಡಿಸಿದ. 1936ರಿಂದ 1961ರವರೆಗೆ ಈ ನಗರಕ್ಕೇ ತನ್ನ ಹೆಸರಿಟ್ಟಿದ್ದ ಅವನ ಸಮಾಧಿ ಮಾತ್ರ ಅಲ್ಲಿಲ್ಲ.

ದಿಯೇಗೊ ವಾಸಿಸಿದ ಅಲ್ಕಾಸರ್ ಅರಮನೆಯನ್ನು ನೋಡುವಾಗ ಒಂದು ಸಂಗತಿ ತಿಳಿದಿರಲಿ. ಪಾಳುಬಿದ್ದಿದ್ದ ಈ ಕಟ್ಟಡವನ್ನು 1955ರಿಂದ 1957ರವರೆಗೆ ಪುನರ್ನಿರ್ಮಿಸಿದರು; ಒಳಗಿನ ಪೀಠೋಪಕರಣ, ಗೋಡೆಯ ನೇಯ್ಗೆಚಿತ್ರಗಳು ಆ ಕಾಲದ ಬದುಕನ್ನು ಸೂಚಿಸಲು ಹೊರಗಿನಿಂದ ತಂದವು. ಆದ್ದರಿಂದ ಕೋಣೆಗಳಲ್ಲಿ ಹೆಚ್ಚು ಹೊತ್ತು ಕಳೆಯದೆ ನದಿಯ ಕಡೆಗಿನ ಕಮಾನುಗಳ ಮೊಗಸಾಲೆಯಲ್ಲಿ ನಿಲ್ಲುವುದೇ ಮೇಲು.

ಗೈಡ್ ಬಳಿ ಕೇಳಲೇಬೇಕಾದ ಇನ್ನೊಂದು ಸಂಗತಿಯಿದೆ. 1511ರ ಡಿಸೆಂಬರ್ 21ರಂದು, ದಿಯೇಗೊ ಕೊಲಂಬಸ್ ಮೊದಲಾದ ಅಧಿಕಾರಸ್ಥರು ಕುಳಿತಿದ್ದ ಸಭೆಯಲ್ಲಿ, ಅಂತೋನಿಯೊ ದೆ ಮೊಂತೆಸಿನೊಸ್ ಎಂಬ ಡೊಮಿನಿಕನ್ ಪಂಥದ ಪಾದ್ರಿ, ತೈನೊಗಳನ್ನು ಯಾವ ನ್ಯಾಯದಿಂದ ಹೀಗೆ ದುಡಿಸುತ್ತೀರಿ, ಅವರು ಮನುಷ್ಯರಲ್ಲವೇ ಎಂದು ನೇರವಾಗಿ ಪ್ರಶ್ನಿಸಿದ. ಕೇಳಿದವರು ಕೆರಳಿದರು, ರಾಜನಿಗೆ ದೂರು ಹೋಯಿತು. ಬಲವಂತದ ದುಡಿಮೆ ಮತ್ತು ಸಿಡುಬಿನಿಂದ ತೈನೊಗಳು ಕೆಲವೇ ದಶಕಗಳಲ್ಲಿ ಬಹುಮಟ್ಟಿಗೆ ಅಳಿದರು. ಅವರ ಜಾಗಕ್ಕೆ ಆಫ್ರಿಕಾದಿಂದ ಗುಲಾಮರನ್ನು ತಂದರು. ದಿಯೇಗೊವಿನ ಸಕ್ಕರೆ ತೋಟದಲ್ಲೇ 1521ರ ಕೊನೆಯಲ್ಲಿ ಆ ಗುಲಾಮರು ದಂಗೆಯೆದ್ದರು. ಅರಮನೆಯ ಕಥೆಯ ಜೊತೆಗೆ ಇದನ್ನೂ ಹೇಳುವ ಗೈಡ್ ಸಿಕ್ಕಿದರೆ ನಿಮ್ಮ ಹಣ ಸಾರ್ಥಕ. ಕಡಲಂಚಿನ ರಸ್ತೆಯಲ್ಲಿ, ಬಾಯಿಯ ಬಳಿ ಕೈಯಿಟ್ಟು ಸಮುದ್ರದ ಕಡೆಗೆ ಕೂಗುತ್ತಿರುವಂತೆ ನಿಂತಿರುವ ಮೊಂತೆಸಿನೊಸ್‌ನ ಬೃಹತ್ ಪ್ರತಿಮೆಯಿದೆ. ಬಸ್ ಆ ದಾರಿಯಲ್ಲಿ ಸಾಗಬಹುದೇ ಎಂದು ಚಾಲಕರನ್ನು ಕೇಳಿನೋಡಿ.

ಊಟ ಮತ್ತು ಮರಳುವಿಕೆ

ಇಲ್ಲಿನ ದಿನನಿತ್ಯದ ಊಟ ಅನ್ನ, ಬೇಯಿಸಿದ ರಾಜ್ಮಾ ಬಗೆಯ ಬೀನ್ಸ್ ಕಾಳು, ಮಾಂಸ. ಸಸ್ಯಾಹಾರಿಗಳು ಟಿಕೆಟ್ ಕೊಳ್ಳುವಾಗಲೇ ತಿಳಿಸಬೇಕು ಮತ್ತು ಹೋಟೆಲಿನಲ್ಲಿ ಇನ್ನೊಮ್ಮೆ “ಸಿನ್ ಕಾರ್ನೆ, ಸಿನ್ ಪೊಯೊ, ಸಿನ್ ಪೆಸ್ಕಾದೊ”, ಅಂದರೆ ಮಾಂಸ, ಕೋಳಿ, ಮೀನು ಯಾವುದೂ ಬೇಡ ಎಂದು ಹೇಳಬೇಕು; ಮಾಂಸ ಬೇಡವೆಂದಷ್ಟೇ ಹೇಳಿದರೆ ಕೋಳಿ ಬಡಿಸುವ ಸಂಭವವಿದೆ. ಬೀನ್ಸಿನ ಸಾರಿಗೂ ಕೆಲವೆಡೆ ಹಂದಿಮಾಂಸದ ಚೂರು ಹಾಕುವುದರಿಂದ ಅದನ್ನೂ ವಿಚಾರಿಸಿ. ಬಾಳೆಕಾಯಿಯನ್ನು ಕರಿದು ತಟ್ಟಿ ಮತ್ತೆ ಕರಿಯುವ ತೊಸ್ತೋನೆಸ್, ಬೇಯಿಸಿದ ಮರಗೆಣಸು, ಬೆಣ್ಣೆಹಣ್ಣು, ಅನ್ನ ಇವು ನೆಚ್ಚಬಹುದಾದವು. ಮೆಣಸಿನಕಾಯಿಯನ್ನು ಕೊಲಂಬಸ್ ಮೊದಲು ಕಂಡದ್ದು ಇದೇ ದ್ವೀಪಗಳಲ್ಲಾದರೂ ಇಲ್ಲಿನ ಅಡುಗೆಯಲ್ಲಿ ಖಾರವಿಲ್ಲ. ಉಪ್ಪಿನಕಾಯಿಯ ಸಣ್ಣ ಪೊಟ್ಟಣ ಕೈಚೀಲದಲ್ಲಿರುವುದಕ್ಕೆ ಯಾರೂ ನಾಚಬೇಕಾಗಿಲ್ಲ.

ಗೈಡ್ ಮತ್ತು ಚಾಲಕ ಇಬ್ಬರಿಗೂ ಟಿಪ್ಸ್ ಕೊಡುವುದು ವಾಡಿಕೆ. ಗೈಡ್ ಕೆಲವೊಮ್ಮೆ ನಗರದಲ್ಲೇ ಇಳಿದುಬಿಡುವುದರಿಂದ ಮೊದಲೇ ಪ್ರತ್ಯೇಕವಾಗಿ ತೆಗೆದಿಡಿ. ಸಂಜೆ ನಗರದಿಂದ ಹೊರಬೀಳುವ ವಾಹನಗಳ ದಟ್ಟಣೆಯಿಂದ ಮರುಪ್ರಯಾಣ ಇನ್ನೂ ದೀರ್ಘವಾಗಬಹುದಾದ್ದರಿಂದ, ಅದೇ ರಾತ್ರಿ ವಿಮಾನ ಹಿಡಿಯುವವರು ಈ ಪ್ರವಾಸಕ್ಕೆ ಹೋಗಲೇಬಾರದು. ರೆಸಾರ್ಟಿನ ಕೆಲವು ಭೋಜನಶಾಲೆಗಳಲ್ಲಿ ಜಾಗ ಕಾದಿರಿಸಬೇಕಾಗುತ್ತದೆ. ಆ ರಾತ್ರಿಗೆ ತಡವಾದ ವೇಳೆಯನ್ನೇ ಬರೆಸಿ, ಇಲ್ಲವೇ ಕಾದಿರಿಸುವ ಗೋಜಿಲ್ಲದ ಬಫೆ ಎಷ್ಟು ಗಂಟೆಯವರೆಗೆ ತೆರೆದಿರುತ್ತದೆಂದು ಬೆಳಿಗ್ಗೆ ಹೊರಡುವಾಗಲೇ ಕೇಳಿಕೊಂಡಿರಿ.