ಚಾಕು ಕೆಂಪಾದರೆ ಸುಣ್ಣ ಸಾಲದು: ಬೋರ್ಡೋ ದ್ರಾವಣ ಮಾಡುವ ಬಗೆ

ರೋಹಿಣಿ ಮಳೆ ಹುಟ್ಟುವ ಹೊತ್ತಿಗೆ ಮಲೆನಾಡಿನ ಅಡಿಕೆ ತೋಟಗಳಲ್ಲಿ ಡ್ರಮ್ಮುಗಳನ್ನು ತೊಳೆದು ಸಾಲಾಗಿ ಇಡುತ್ತಾರೆ. ಮರ ಹತ್ತಿ ಔಷಧಿ ಹೊಡೆಯುವ ಕೊನೆಗಾರ ಸಿಗುವುದೇ ಕಷ್ಟ, ಸಿಕ್ಕ ದಿನ ಮಳೆಯೂ ಬಿಡುವು ಕೊಡಬೇಕು. ಆ ಗಡಿಬಿಡಿಯಲ್ಲಿ ಔಷಧಿ ಕಲಸುವ ಕೆಲಸವನ್ನು ಕೈಗೆ ಸಿಕ್ಕವರಿಗೆ ಒಪ್ಪಿಸಿಬಿಡುತ್ತೇವೆ. ಶ್ರಾವಣದಲ್ಲಿ ಕೊಳೆರೋಗ ಬಂದು ಕಾಯಿ ಉದುರಿದಾಗ ಮಳೆಯನ್ನು ಬೈಯುತ್ತೇವೆ. ಎಷ್ಟೋ ಸಲ ತಪ್ಪು ಡ್ರಮ್ಮಿನಲ್ಲೇ ನಡೆದಿರುತ್ತದೆ. ಮೈಲುತುತ್ತ (ತಾಮ್ರದ ಸಲ್ಫೇಟ್) ಮತ್ತು ಸುಣ್ಣ ಬೆರೆಸಿದ ಈ ಬೋರ್ಡೋ ದ್ರಾವಣ ಮಾಡುವಾಗಿನ ಒಂದೊಂದು ಕಟ್ಟುಪಾಡಿಗೂ ಕಾರಣವಿದೆ, ಆ ಕಾರಣಗಳಲ್ಲಿ ಹೆಚ್ಚಿನವು ತಾಮ್ರದ ಸ್ವಭಾವದಲ್ಲಿವೆ. ಅದನ್ನು ತಿಳಿದುಕೊಂಡವರ ಕೈ ತಪ್ಪುವುದು ಕಡಿಮೆ.

ಆವರ್ತಕೋಷ್ಟಕದ ನಡುಭಾಗದಲ್ಲಿ ಕುಳಿತಿರುವ ಸಂಕ್ರಮಣ ಲೋಹಗಳಲ್ಲಿ ತಾಮ್ರವೂ ಒಂದು. ಕಬ್ಬಿಣ, ಮ್ಯಾಂಗನೀಸ್, ಕೋಬಾಲ್ಟ್, ನಿಕ್ಕಲ್ ಇದರ ನೆರೆಹೊರೆ. ಇವುಗಳ ಲವಣಗಳಿಗೆ ಬಣ್ಣವಿರುತ್ತದೆ. ಗೊಬ್ಬರದಂಗಡಿಯಲ್ಲೇ ನೋಡಿ: ಮೈಲುತುತ್ತ ನೀಲಿ, ಅನ್ನಭೇದಿ (ಕಬ್ಬಿಣದ ಸಲ್ಫೇಟ್) ತಿಳಿಹಸಿರು, ಆದರೆ ಪಕ್ಕದ ಜಿಂಕ್ ಸಲ್ಫೇಟ್ ಬೆಳ್ಳಗಿರುತ್ತದೆ. ತಾಮ್ರದ ಅಯಾನಿನಲ್ಲಿ, ಅಂದರೆ ವಿದ್ಯುದಂಶ ಹೊತ್ತ ಪರಮಾಣುವಿನಲ್ಲಿ, ‘ಡಿ’ ಎಂಬ ಕಕ್ಷಕಗಳ ಹತ್ತು ಸ್ಥಾನಗಳಲ್ಲಿ ಒಂಬತ್ತರಲ್ಲಿ ಮಾತ್ರ ಎಲೆಕ್ಟ್ರಾನ್‌ಗಳಿವೆ. ಖಾಲಿ ಉಳಿದ ಒಂದು ಸ್ಥಾನಕ್ಕೆ ಎಲೆಕ್ಟ್ರಾನ್ ಜಿಗಿಯುವಾಗ ಬೆಳಕಿನ ಕೆಂಪು ಭಾಗವನ್ನು ನುಂಗುತ್ತದೆ, ಉಳಿದ ನೀಲಿ ನಮ್ಮ ಕಣ್ಣಿಗೆ ಬೀಳುತ್ತದೆ. ಸತುವಿನ ಅಯಾನಿನಲ್ಲಿ ಹತ್ತೂ ಸ್ಥಾನಗಳು ಭರ್ತಿ, ಜಿಗಿಯಲು ಜಾಗವಿಲ್ಲ, ಹಾಗಾಗಿ ಬಣ್ಣವೂ ಇಲ್ಲ. ಮೈಲುತುತ್ತದ ಹರಳಿನಲ್ಲಿ ಬಂಧಿಯಾಗಿರುವ ನೀರಿಗೂ ಈ ಬಣ್ಣದಲ್ಲಿ ಪಾಲಿದೆ. ಒಂದು ಚೂರನ್ನು ಹಳೆಯ ತಗಡಿನ ಮೇಲೆ ಕಾಯಿಸಿದರೆ ಬಿಳಿ ಪುಡಿಯಾಗುತ್ತದೆ. ಅದು ತಣಿದ ಮೇಲೆ ಒಂದು ಹನಿ ನೀರು ಬಿಟ್ಟರೆ ನೀಲಿ ಮರಳಿ ಬರುತ್ತದೆ. ಮನೆಯ ಮಕ್ಕಳಿಗೆ ದೂರ ನಿಲ್ಲಿಸಿ ಇದನ್ನು ತೋರಿಸಲೇಬೇಕು.

ಈ ಔಷಧಿ ಹುಟ್ಟಿದ್ದು ಫ್ರಾನ್ಸಿನ ಬೋರ್ಡೋ ಸೀಮೆಯಲ್ಲಿ. ದಾರಿಹೋಕರು ದ್ರಾಕ್ಷಿ ಕದಿಯದಿರಲೆಂದು ಅಲ್ಲಿನ ಬೆಳೆಗಾರರು ರಸ್ತೆ ಬದಿಯ ಬಳ್ಳಿಗಳಿಗೆ ಮೈಲುತುತ್ತ ಮತ್ತು ಸುಣ್ಣ ಕಲಸಿ ಎರಚುತ್ತಿದ್ದರು. 1882ರಲ್ಲಿ ಸಸ್ಯವಿಜ್ಞಾನಿ ಪಿಯರ್ ಮಿಲಾರ್ಡೆ ಆ ಬಳ್ಳಿಗಳಲ್ಲಿ ಮಾತ್ರ ಬೂಜುರೋಗ ಇಲ್ಲದ್ದನ್ನು ಗಮನಿಸಿದರು. ಪ್ರಯೋಗ ನಡೆಸಿ 1885ರಲ್ಲಿ ಪಾಕವನ್ನು ಪ್ರಕಟಿಸಿದರು. ಅದನ್ನು ನಮ್ಮ ಅಡಿಕೆಗೆ ಒಗ್ಗಿಸಿದ ಕೀರ್ತಿ ಕೆನಡಾ ಮೂಲದ ಲೆಸ್ಲಿ ಕೋಲ್ಮನ್ ಅವರದು. 1908ರಲ್ಲಿ ಮೈಸೂರು ಸಂಸ್ಥಾನದ ಸೇವೆಗೆ ಬಂದ ಅವರು ಕೊಳೆರೋಗದ ಹಿಂದೆ ಇರುವುದು ಫೈಟೋಫ್ತೋರ ಎಂಬ ಜೀವಿಯೆಂದು ತೋರಿಸಿ, ಬೋರ್ಡೋ ಸಿಂಪಡಣೆಯನ್ನು ಬಳಕೆಗೆ ತಂದರು. ಅದುವರೆಗೆ ಕೊನೆಗಳಿಗೆ (ಅಡಿಕೆ ಗೊಂಚಲುಗಳಿಗೆ) ಕೊಟ್ಟೆ ಎಂಬ ಹೊದಿಕೆ ಕಟ್ಟುವುದೇ ದೊಡ್ಡ ರಕ್ಷಣೆಯಾಗಿತ್ತು. ಅಡಿಕೆ ಸೀಮೆ ಕೋಲ್ಮನ್ ಅವರನ್ನು ಇನ್ನಷ್ಟು ನೆನೆಯಬೇಕು ಎಂದು ನನಗೆ ಅನ್ನಿಸುತ್ತದೆ.

ಈಗ ಕೆಲಸಕ್ಕೆ ಬರೋಣ. ಶೇ 1ರ ದ್ರಾವಣಕ್ಕೆ 1 ಕೆ.ಜಿ. ಮೈಲುತುತ್ತ, 1 ಕೆ.ಜಿ. ಸುಣ್ಣ, 100 ಲೀಟರ್ ನೀರು ಬೇಕು. ಪಾತ್ರೆಗಳು ಪ್ಲಾಸ್ಟಿಕ್ಕಿನವೋ ಮರದವೋ ಆಗಿರಲಿ. ಕಬ್ಬಿಣದ ಡ್ರಮ್ಮು, ಸತು ಲೇಪದ ಬಕೆಟ್ಟು ಬೇಡವೇ ಬೇಡ. ಕಬ್ಬಿಣವೂ ಸತುವೂ ತಾಮ್ರಕ್ಕಿಂತ ಚುರುಕು. ಅವು ದ್ರಾವಣಕ್ಕೆ ಇಳಿದು, ತಾಮ್ರವನ್ನು ಹೊರದಬ್ಬಿ ಪಾತ್ರೆಯ ಗೋಡೆಗೆ ಅಂಟಿಸುತ್ತವೆ. ಅಡಿಕೆ ಕೊನೆಗೆ ಸೇರಬೇಕಾದ ತಾಮ್ರ ಡ್ರಮ್ಮಿನಲ್ಲೇ ಉಳಿಯುತ್ತದೆ.

ಮೊದಲ ಹಂತವನ್ನು ಹಿಂದಿನ ಸಂಜೆಯೇ ಮುಗಿಸಿಕೊಳ್ಳಿ. ಮೈಲುತುತ್ತವನ್ನು ಗೋಣಿ ಬಟ್ಟೆಯಲ್ಲಿ ಗಂಟು ಕಟ್ಟಿ 50 ಲೀಟರ್ ನೀರಿನಲ್ಲಿ ಮೇಲ್ಮಟ್ಟಕ್ಕೆ ಮುಳುಗುವಂತೆ ತೂಗುಬಿಡಿ. ಕರಗಿದ ನೀರು ಭಾರವಾಗಿ ಕೆಳಗಿಳಿಯುತ್ತದೆ, ಹೊಸ ನೀರು ಗಂಟಿನ ಬಳಿ ಬರುತ್ತದೆ. ತಳಕ್ಕೆ ಸುರಿದುಬಿಟ್ಟರೆ ಬೆಳಗಿನವರೆಗೂ ಹರಳು ಹರಳಾಗಿಯೇ ಬಿದ್ದಿರುತ್ತದೆ.

ಎರಡನೆಯದು ಸುಣ್ಣ, ಹೆಚ್ಚಿನ ಎಡವಟ್ಟು ಆಗುವುದು ಇಲ್ಲಿ. ಲೆಕ್ಕದ ಪ್ರಕಾರ 1 ಕೆ.ಜಿ. ಮೈಲುತುತ್ತಕ್ಕೆ ಸುಮಾರು 225 ಗ್ರಾಂ ಅಪ್ಪಟ ಸುಟ್ಟ ಸುಣ್ಣ ಸಾಕು. ಆದರೂ ಒಂದು ಕೆ.ಜಿ. ಹಾಕುವುದು ಏಕೆಂದರೆ ಪೇಟೆಯ ಸುಣ್ಣ ಅಪ್ಪಟವಾಗಿರುವುದಿಲ್ಲ, ದ್ರಾವಣ ಸ್ವಲ್ಪ ಕ್ಷಾರದ ಕಡೆಗೇ ಇರುವುದೂ ಕ್ಷೇಮ. ತೆರೆದಿಟ್ಟ ಸುಣ್ಣ ಗಾಳಿಯ ಇಂಗಾಲದ ಡೈಆಕ್ಸೈಡನ್ನು ಹೀರಿ ನಿಧಾನವಾಗಿ ಸೀಮೆಸುಣ್ಣದಂತಾಗುತ್ತದೆ. ನೋಡಲು ಬಿಳಿಯೇ, ತೂಕವೂ ಇದೆ, ಆದರೆ ಕಸುವಿಲ್ಲ. ಹಾಗಾಗಿ ಆ ವರ್ಷದ ಹೊಸ ಸುಣ್ಣವನ್ನೇ ತನ್ನಿ. ಚಿಪ್ಪು ಸುಣ್ಣವಾದರೂ ಕಲ್ಲು ಸುಣ್ಣವಾದರೂ ಸರಿ, ನೀರನ್ನು ಸ್ವಲ್ಪ ಸ್ವಲ್ಪವೇ ಚಿಮುಕಿಸಿ ಅರಳಿಸಿ. ಕೊತಕೊತನೆ ಕುದಿಯುತ್ತದೆ, ಮುಖವನ್ನು ದೂರ ಇಡಿ, ಕಣ್ಣಿಗೆ ಕನ್ನಡಕ ಇರಲಿ. ಬಳಿಕ 50 ಲೀಟರ್ ನೀರು ಸೇರಿಸಿ, ಬಟ್ಟೆಯಲ್ಲಿ ಸೋಸಿ, ಪೂರ್ತಿ ತಣಿಯಲು ಬಿಡಿ. ಬಿಸಿ ಸುಣ್ಣದ ನೀರಿಗೆ ತಾಮ್ರ ಸೇರಿದರೆ ನೀಲಿ ಹೈಡ್ರಾಕ್ಸೈಡ್ ಒಡೆದು ಕಪ್ಪು ಆಕ್ಸೈಡ್ ಆಗುತ್ತದೆ. ಕಪ್ಪಗಾದದ್ದು ಅಡಿಕೆ ಕೊನೆಗೆ ಸರಿಯಾಗಿ ಅಂಟುವುದಿಲ್ಲ.

ಮೂರನೆಯದು ಬೆರೆಸುವುದು. ಸುಣ್ಣದ ನೀರಿಗೆ ಮೈಲುತುತ್ತದ ನೀರನ್ನು ಸಣ್ಣ ಧಾರೆಯಾಗಿ ಸುರಿಯುತ್ತ, ಕೋಲಿನಿಂದ ಕೈಬಿಡದೆ ತಿರುವಬೇಕು. ಇಬ್ಬರಿದ್ದರೆ ಎರಡನ್ನೂ ಏಕಕಾಲಕ್ಕೆ ಮೂರನೆಯ ಪಾತ್ರೆಗೆ ಸುರಿಯಬಹುದು. ಇದನ್ನು ತಿರುವುಮುರುವು ಮಾಡಬೇಡಿ. ಮೈಲುತುತ್ತಕ್ಕೆ ಸುಣ್ಣ ಸುರಿದರೆ ಮೊದಮೊದಲು ತಾಮ್ರವೇ ಹೆಚ್ಚಾಗಿದ್ದು ಕಣಗಳು ದಪ್ಪಗಾಗುತ್ತವೆ, ಬೇಗ ತಳ ಸೇರುತ್ತವೆ, ನಾಝಲ್ಲಿನಲ್ಲಿ ಸಿಕ್ಕಿಕೊಳ್ಳುತ್ತವೆ. ಸರಿಯಾದ ದ್ರಾವಣ ಆಕಾಶನೀಲಿ ಬಣ್ಣದ್ದು, ನಿಂತಲ್ಲೇ ಬೇಗ ತಿಳಿಯಾಗುವುದಿಲ್ಲ.

ಇನ್ನು ಚಾಕುವಿನ ಪರೀಕ್ಷೆ. ಉಜ್ಜಿ ಹೊಳಪು ತಂದ ಕಬ್ಬಿಣದ ಚಾಕುವನ್ನೋ ಕುಡುಗೋಲಿನ ತುದಿಯನ್ನೋ ದ್ರಾವಣದಲ್ಲಿ ಒಂದೆರಡು ನಿಮಿಷ ಅದ್ದಿ ತೆಗೆಯಿರಿ. ತುಕ್ಕು ಹಿಡಿಯದ ಸ್ಟೀಲ್ ಚಾಕು ಇದಕ್ಕೆ ಬರುವುದಿಲ್ಲ. ಅಲಗಿನ ಮೇಲೆ ಕೆಂಗಂದು ಲೇಪ ಕಂಡರೆ ಅದು ತಾಮ್ರವೇ. ಇನ್ನೂ ಸುಣ್ಣದೊಂದಿಗೆ ಸೇರದ ತಾಮ್ರ ದ್ರಾವಣದಲ್ಲಿ ಓಡಾಡಿಕೊಂಡಿದೆ ಎಂದು ಚಾಕು ಹೇಳುತ್ತಿದೆ. ಹಾಗೆಯೇ ಹೊಡೆದರೆ ಎಳೆಯ ಕಾಯಿ, ಸಿಂಗಾರ, ಎಲೆ ಸುಡುತ್ತವೆ. ಸುಣ್ಣದ ತಿಳಿಯನ್ನು ಸ್ವಲ್ಪ ಸೇರಿಸಿ, ತಿರುವಿ, ಅಲಗನ್ನು ಮತ್ತೆ ಉಜ್ಜಿ ಅದ್ದಿ. ಲೇಪ ಕಾಣದಾಗುವವರೆಗೆ ಇದೇ ಕೆಲಸ. ಕೆಂಪು ಲಿಟ್ಮಸ್ ಕಾಗದ ನೀಲಿಯಾದರೂ ಸಾಕು, ಆದರೆ ಮಳೆಗಾಲದ ತೇವಕ್ಕೆ ಕಾಗದ ಕೆಟ್ಟಿರಬಹುದು. ನನಗೆ ಚಾಕುವಿನ ಮೇಲೆಯೇ ನಂಬಿಕೆ. ಪಾತ್ರೆಗೆ ಕಬ್ಬಿಣ ಬೇಡ ಎನ್ನುವುದಕ್ಕೂ ಪರೀಕ್ಷೆಗೆ ಕಬ್ಬಿಣವೇ ಬೇಕು ಎನ್ನುವುದಕ್ಕೂ ಕಾರಣ ಒಂದೇ, ಗಮನಿಸಿದಿರಾ?

ಅಂಟಿಗೆ ರಾಳದ ಸೋಪು ಬೆರೆಸುವ ರೂಢಿ ಹಳೆಯದು, ಮಳೆ ಜೋರಿರುವ ಕಡೆ ಅದು ಬೇಕು. ದ್ರಾವಣವನ್ನು ಅದೇ ದಿನ ಮುಗಿಸಿ. ಮರುದಿನಕ್ಕೆ ಉಳಿದದ್ದು ಹರಳುಗಟ್ಟಿ ಅಂಟುವ ಗುಣ ಕಳೆದುಕೊಳ್ಳುತ್ತದೆ.

ಮುಂಗಾರು ಹಿಡಿಯುವ ಮುಂಚೆ ಒಂದು ಸಲ, 40–45 ದಿನ ಬಿಟ್ಟು ಇನ್ನೊಂದು ಸಲ ಹೊಡೆಯಬೇಕು. ಮಳೆ ಬಿಡದ ವರ್ಷ ಮೂರನೆಯದೂ ಬೇಕಾಗುತ್ತದೆ. ಕೊನೆಯ ಎಲ್ಲ ಮಗ್ಗುಲೂ ನೆನೆಯಬೇಕು. ಫೈಟೋಫ್ತೋರದ ಬೀಜಕಗಳು ನೀರಿನ ಪದರದಲ್ಲಿ ಈಜಿ ಕಾಯಿಗೆ ತಲುಪುತ್ತವೆ. ಅದೇ ನೀರಿನಲ್ಲಿ ನೀಲಿ ಲೇಪದಿಂದ ತಾಮ್ರದ ಅಯಾನುಗಳು ಚೂರು ಚೂರೇ ಬಿಡುಗಡೆಯಾಗಿ, ಬೀಜಕದೊಳಗಿನ ಕಿಣ್ವಗಳನ್ನು ಹಿಡಿದು ಅವುಗಳ ಕೆಲಸವನ್ನೇ ನಿಲ್ಲಿಸುತ್ತವೆ. ಕಾಯಿಯೊಳಗೆ ಹೊಕ್ಕ ರೋಗವನ್ನು ಮಾತ್ರ ಇದು ಮುಟ್ಟದು. ಕೊಳೆ ಕಂಡ ಮೇಲೆ ಡ್ರಮ್ಮು ಹುಡುಕಿದರೆ ಅಕ್ಕಪಕ್ಕದ ಮರಗಳನ್ನು ಉಳಿಸಿಕೊಳ್ಳಬಹುದು, ಅಷ್ಟೇ. ಕಾಫಿಯ ಎಲೆ ತುಕ್ಕಿಗೆ ಇದೇ ಪಾಕ ಶೇ 0.5ರಲ್ಲಿ ಸಾಕಾಗುತ್ತದೆ.

ಒಂದು ಎಚ್ಚರ ಬಾಕಿಯಿದೆ. ಮೈಲುತುತ್ತದ ತೂಕದಲ್ಲಿ ಕಾಲು ಭಾಗ ತಾಮ್ರ, ಅಂದರೆ ಪ್ರತಿ 100 ಲೀಟರಿಗೆ ಸುಮಾರು 250 ಗ್ರಾಂ. ಅದು ಕೊಳೆತು ಹೋಗುವ ವಸ್ತುವಲ್ಲ, ಮಣ್ಣಿನಲ್ಲಿ ವರ್ಷವರ್ಷವೂ ಕೂಡುತ್ತ ಹೋಗುತ್ತದೆ. ಐರೋಪ್ಯ ಒಕ್ಕೂಟ ಇದಕ್ಕಾಗಿಯೇ ಹೆಕ್ಟೇರಿಗೆ ಏಳು ವರ್ಷಗಳಲ್ಲಿ 28 ಕೆ.ಜಿ. ತಾಮ್ರದ ಮಿತಿ ಹಾಕಿದೆ. ತಲೆಮಾರುಗಳಿಂದ ಔಷಧಿ ಹೊಡೆದ ತೋಟವಾಗಿದ್ದರೆ ಮಣ್ಣು ಪರೀಕ್ಷೆಗೆ ಕೊಡುವಾಗ ತಾಮ್ರವನ್ನೂ ನೋಡಲು ಹೇಳಿ. ಮೀನಿಗೆ ತಾಮ್ರ ವಿಷ. ಡ್ರಮ್ಮು, ಪಂಪು, ಕೊಡಗಳನ್ನು ಹಳ್ಳದಲ್ಲೋ ಕೆರೆಯಲ್ಲೋ ತೊಳೆಯಬೇಡಿ. ತೊಳೆದ ನೀರನ್ನು ನೀರಿನ ಸೆಲೆಯಿಂದ ದೂರದ ಮರಗಳ ಕೊನೆಗೇ ಹೊಡೆದು ಮುಗಿಸಿ.